ಹಂಸಭಾವಿಯಿಂದ ಚಿಕ್ಕೇರೂರಿಗೆ, ಅಳಿಲಿನ ನಿದ್ದೆಯೊಳಗೆ

ಆ ಆಟದ ಯಂತ್ರದ ಸ್ಪೀಕರ್ ನನ್ನ ಹೆಬ್ಬೆರಳಿನ ಉಗುರಿಗಿಂತ ದೊಡ್ಡದಿರಲಿಲ್ಲ. ಅಂಗೈಯಲ್ಲಿ ಕೂರುವ ಪ್ಲಾಸ್ಟಿಕ್ ಡಬ್ಬಿ, ನಡುವೆ ಬೆಂಕಿಪೊಟ್ಟಣದಷ್ಟು ಪರದೆ, ಎಡಬದಿಗೆ ತಿರುಗಿಸುವ ಗುಂಡಿಗಳು, ಬಲಬದಿಗೆ ಓಡಿಸಲೊಂದು, ನಿಲ್ಲಿಸಲೊಂದು. ಕೆಳಗಡೆ ಇಯರ್‌ಫೋನ್ ಸಿಕ್ಕಿಸುವ ತೂತು. ಅದರೊಳಗೆ ಒಂದೇ ಆಟ ಇರಬೇಕಿತ್ತು. ಟೀವಿಯಲ್ಲಿ ಮಕ್ಕಳು ಬಿಟ್ಟೂ ಬಿಡದೆ ನೋಡುವ ಅಳಿಲಿನ ಕಾರ್ಟೂನೊಂದಿದೆ. ಆ ಅಳಿಲು ಈಗ ಗಾಡಿ ಹತ್ತಿ ರೇಸಿಗೆ ಇಳಿಯುವುದಿತ್ತು. ಕಾರ್ಟೂನಿನ ಹೆಸರು ಬರೆಯಬಾರದೆಂದು ಕರಾರಿದೆ. ಹಾಗಾಗಿ ಅಳಿಲು ಎಂದೇ ಕರೆಯುತ್ತೇನೆ.

ಆಟದ ಸದ್ದುಗಳೆಲ್ಲ ನನ್ನ ಪಾಲಿಗೆ ಬಂದಿದ್ದವು. ನಮ್ಮದು ಸಣ್ಣ ತಂಡ. ಮುಖ್ಯಸ್ಥರು ಹುಬ್ಬಳ್ಳಿಯಲ್ಲಿದ್ದರು. ಆಟದ ಕೋಡ್ ಬರೆಯುವ ಪ್ರೋಗ್ರಾಮರ್ ಸವಣೂರಿನವರು. ಅವರ ಮನೆತನದ ಖಾರಾ ಅಂಗಡಿಯ ಮೇಲಿನ ಕೋಣೆಯಲ್ಲಿ ಕೂತು ಕೆಲಸ ಮಾಡುತ್ತಿದ್ದರು. ಅವರ ಕೋಡಿಗೂ ಕಡಲೆಹಿಟ್ಟಿನ ವಾಸನೆ ಬರುತ್ತದೆಂದು ನಾನು ಚೇಷ್ಟೆ ಮಾಡುತ್ತಿದ್ದೆ. ನಾನು ಹಾನಗಲ್ಲಿನ ನಮ್ಮ ಮನೆಯ ಮಹಡಿಯಲ್ಲಿ, ಕಿಟಕಿಗೆ ಹಳೇ ಗಾದಿ ಒರಗಿಸಿ ಹೊರಗಿನ ಗದ್ದಲ ತಡೆದುಕೊಂಡು ಕೂರುತ್ತಿದ್ದೆ.

ಮೊದಲು ಬೇಕಾದದ್ದು ಗಾಡಿಯ ಎಂಜಿನ್ನಿನ ಸದ್ದು. ಟ್ರ್ಯಾಕ್ಟರ್, ಜೀಪು, ಸಾಮಾನು ಹೊರುವ ಸಣ್ಣ ಟೆಂಪೋ, ಶಿಗ್ಗಾವಿಯ ಹೆದ್ದಾರಿ ಪಕ್ಕದಲ್ಲಿ ನಿಂತು ಲಾರಿಗಳು, ಎಲ್ಲವನ್ನೂ ರೆಕಾರ್ಡ್ ಮಾಡಿದೆ. ನನ್ನ ದೊಡ್ಡ ಹೆಡ್‌ಫೋನಿನಲ್ಲಿ ಅವು ಎದೆಗೆ ಗುದ್ದುತ್ತಿದ್ದವು. ಅದೇ ಸದ್ದನ್ನು ಆಟದ ಯಂತ್ರಕ್ಕೆ ಹಾಕಿದರೆ ಸೊಳ್ಳೆ ಗುಂಯ್ಯೆಂದಂತಾಗುತ್ತಿತ್ತು. ಮುಖ್ಯಸ್ಥರು ಫೋನಿನಲ್ಲಿ ಕೇಳಿ, ಅಳಿಲು ಲಾರಿ ಓಡಿಸುತ್ತಿದೆಯೋ ಲಾರಿಯೇ ಅಳಿಲನ್ನು ಕಚ್ಚುತ್ತಿದೆಯೋ ತಿಳಿಯುವುದಿಲ್ಲ ಎಂದರು.

ದಪ್ಪ ಸದ್ದಿಗೊಂದು ತಳವಿರುತ್ತದೆ. ಅದರ ಮೇಲೆ ಪದರ ಪದರವಾಗಿ ತೆಳು ಸದ್ದುಗಳು ಕೂತಿರುತ್ತವೆ. ಉಗುರಿನಷ್ಟು ಸ್ಪೀಕರಿಗೆ ಆ ತಳವನ್ನು ನುಡಿಸುವ ಶಕ್ತಿಯಿಲ್ಲ. ಆದರೆ ನಮ್ಮ ಕಿವಿಗೆ ಒಂದು ಗುಣವಿದೆ. ತಳವನ್ನು ಪೂರ್ತಿ ಕತ್ತರಿಸಿ, ಮೇಲಿನ ಪದರಗಳನ್ನಷ್ಟೇ ಹದವಾಗಿ ಉಳಿಸಿ ಕೇಳಿಸಿದರೆ, ಇಲ್ಲದ ತಳವನ್ನು ಕಿವಿ ತಾನೇ ತುಂಬಿಕೊಂಡು ಕೇಳುತ್ತದೆ. ಯಂತ್ರದಿಂದ ಹೊರಡದ ಸದ್ದು ತಲೆಯೊಳಗೆ ಮೊಳಗುತ್ತದೆ. ಈ ಉಪಾಯದಿಂದ ಲಾರಿಗೆ ತಕ್ಕಮಟ್ಟಿನ ಮೈ ಬಂತು. ಅಳಿಲಿನ ಗಾಡಿಗೆ ಮಾತ್ರ ಅದು ಹೊಂದಲಿಲ್ಲ. ಅಳಿಲಿಗೆ ತಾನಾಗಿಯೇ ತೆಳ್ಳಗಿರುವ, ತುಸು ಹಟಮಾರಿ ಎಂಜಿನ್ ಬೇಕಿತ್ತು.

ಆಗ ನೆನಪಾದದ್ದು ಹಂಸಭಾವಿಯ ನಮ್ಮ ಚಿಗವ್ವನ ಮೊಪೆಡ್. ಚಿಗವ್ವ ಎಂದರೆ ನನ್ನ ಅವ್ವನ ತಂಗಿ. ಸುತ್ತಿನ ಹಳ್ಳಿಗಳಿಗೆ ನರ್ಸಬಾಯಿಯಾಗಿದ್ದವಳು. ಲಸಿಕೆಯ ಡಬ್ಬಿಯನ್ನು ಮೊಪೆಡ್ಡಿನ ಮುಂದೆ ಕಾಲ ನಡುವೆ ಇಟ್ಟುಕೊಂಡು, ಸೆರಗು ಸೊಂಟಕ್ಕೆ ಬಿಗಿದು, ಹಂಸಭಾವಿಯಿಂದ ಚಿಕ್ಕೇರೂರಿನ ತನಕ ಓಡಾಡಿದವಳು. ಆಮೇಲೆ ಕಣ್ಣೊಳಗಿನ ಒತ್ತಡದ ಬ್ಯಾನಿ ಬಂತು. ಅಂಚಿನಿಂದ ಶುರುವಾದ ಕತ್ತಲು ಮೆಲ್ಲಗೆ ನಡುವಿಗೆ ಬಂದು ಕೂಡಿತು. ಮೊಪೆಡ್ ಕೊಟ್ಟಿಗೆ ಸೇರಿತು. ಈಗ ಮಗ, ಸೊಸೆಯ ಜೊತೆ ಇದ್ದಾಳೆ. ಮನೆಯೊಳಗೆ ಯಾರ ಕೈಯನ್ನೂ ಹಿಡಿಯುವುದಿಲ್ಲ. ಕೈ ಹಿಡಿಯಲು ಹೋದವರಿಗೆ ಬೈಗುಳ ಖಾತ್ರಿ.

ನಾನು ಹೋದಾಗ ಮೊಪೆಡ್ ಗೋಣಿಚೀಲದ ಕೆಳಗೆ ಮಲಗಿತ್ತು. ಊರಿನ ಮೆಕ್ಯಾನಿಕ್ ಬಂದು ಕಾರ್ಬೊರೇಟರ್ ಬಿಚ್ಚಿ ತೊಳೆದ, ಪ್ಲಗ್ ಬದಲಿಸಿದ, ಪೆಟ್ರೋಲಿಗೆ ಆಯಿಲ್ ಕಲಸಿ ಹೊಯ್ದ. ಹಿಂದಿನ ಗಾಲಿ ನೆಲ ಬಿಟ್ಟು ಏಳುವಂತೆ ಸ್ಟ್ಯಾಂಡ್ ಹಾಕಿ ಪೆಡಲ್ ತುಳಿಯತೊಡಗಿದ. ತುಳಿದು ತುಳಿದು ಅವನ ಅಂಗಿ ಬೆವರಿಗೆ ಅಂಟಿಕೊಂಡ ಮೇಲೆ ಮೊಪೆಡ್ ಒಮ್ಮೆ ಕೆಮ್ಮಿತು. ಇನ್ನೊಮ್ಮೆ ಕೆಮ್ಮಿ, ಬಿಳಿ ಹೊಗೆ ಬಿಟ್ಟು ಶುರುವಾಯಿತು. ಕಟ್ಟೆಯ ಮೇಲೆ ಕೂತಿದ್ದ ಚಿಗವ್ವ ಆ ಹೊಗೆಯ ವಾಸನೆಗೆ ಎದ್ದು ನಿಂತಳು. ಯಾರೂ ಕರೆಯಲಿಲ್ಲ, ನೆಟ್ಟಗೆ ನಡೆದು ಬಂದು ಮೆಕ್ಯಾನಿಕ್‌ನ ಭುಜ ಮುಟ್ಟಿ ಅವನನ್ನು ಇಳಿಸಿ, ತಾನು ಹತ್ತಿ ಕೂತಳು.

ನಾನು ಒಂದು ಮೈಕನ್ನು ಸೈಲೆನ್ಸರ್ ಹತ್ತಿರ ಇಟ್ಟೆ, ಇನ್ನೊಂದನ್ನು ಹಳೇ ಸ್ವೆಟರ್ ತೋಳಿನಲ್ಲಿ ಸುತ್ತಿ ಎಂಜಿನ್ನಿನ ಬದಿಗೆ. ನನಗೆ ಬೇಕಿದ್ದದ್ದು ಒಂದೇ ಸಮನಾದ ಸದ್ದು: ನಿಧಾನದ್ದೊಂದಿಷ್ಟು, ನಡುವಿನದ್ದೊಂದಿಷ್ಟು, ಜೋರಿನದ್ದೊಂದಿಷ್ಟು. ಪ್ರತಿಯೊಂದರಿಂದಲೂ ಸಣ್ಣ ತುಂಡು ಕತ್ತರಿಸಿ, ಅದರ ಬಾಲವನ್ನು ತಲೆಗೆ ಜೋಡಿಸಿ, ಕೊನೆಯಿಲ್ಲದೆ ತಿರುಗುವಂತೆ ಮಾಡಬೇಕು. ಜೋಡಿಸುವ ಕಡೆ ಅಲೆಯ ಏರಿಳಿತ ಹೊಂದದಿದ್ದರೆ ಸುತ್ತಿಗೊಮ್ಮೆ ಟಿಕ್ ಎಂದು ಹಲ್ಲಿನಲ್ಲಿ ಕಲ್ಲು ಸಿಕ್ಕಂತಾಗುತ್ತದೆ. ಅದಕ್ಕೇ ಆಕ್ಸಿಲರೇಟರನ್ನು ಅಲ್ಲಾಡಿಸದೆ ಹಿಡಿಯಬೇಕೆಂದು ಚಿಗವ್ವನಿಗೆ ಹೇಳಿದೆ. ತಿಳೀತು ಎಂದಳು.

ಸ್ವಲ್ಪ ಹೊತ್ತು ಸಮನಾಗಿಯೇ ಹಿಡಿದಳು. ಆಮೇಲೆ ಸದ್ದು ಏರಿತು, ಇಳಿಯಿತು, ಮತ್ತೆ ಏರಿತು. ಕೈ ಸೋತಿರಬೇಕೆಂದು ಹೆಡ್‌ಫೋನ್ ತೆಗೆದು ಅವಳ ಹತ್ತಿರ ಹೋದೆ.

"ಚಿಗವ್ವಾ, ಒಂದ ಸಮ ಹಿಡೀಬೇಕು."

"ತಡಿ, ಹಳ್ಳದ ಸೇತುವಿ ಬಂತು," ಎಂದಳು. "ಇಲ್ಲಿ ಜೋರ ಹೊಡದ್ರ ಡಬ್ಬಿ ಹಾರತೈತಿ."

ಕೊಟ್ಟಿಗೆಯಲ್ಲಿ ನಿಂತಲ್ಲೇ ನಿಂತಿದ್ದ ಮೊಪೆಡ್ಡಿನ ಮೇಲೆ ಅವಳು ಚಿಕ್ಕೇರೂರಿಗೆ ಹೊರಟಿದ್ದಳು. ನಾನು ಸುಮ್ಮನೆ ಹಿಂದಕ್ಕೆ ಸರಿದು ಹೆಡ್‌ಫೋನ್ ಹಾಕಿಕೊಂಡೆ. ತಿರುವಿನಲ್ಲಿ ಅವಳ ಮೈ ಎಡಕ್ಕೆ ಬಾಗುತ್ತಿತ್ತು, ಆಮೇಲೆ ಬಲಕ್ಕೆ. ನಡುನಡುವೆ ಒಂದೊಂದು ಮಾತು ಉದುರುತ್ತಿತ್ತು. ಎಡಕ್ಕ ಹಿಟ್ಟಿನ ಗಿರಣಿ. ಬಲಕ್ಕ ಕಮ್ಮಾರರ ಕುಲುಮಿ. ಇಲ್ಲಿ ಗಿಳಿ ಬಾಳ ಅದಾವ. ಇಲ್ಲಿ ಸಾಲಿ ಹುಡುಗರು ಮಗ್ಗಿ ಹೇಳಾಕತ್ತಾರ. ಗಾಲಿ ಗಾಳಿಯಲ್ಲಿ ತಿರುಗುತ್ತಲೇ ಇತ್ತು. ಕೊಟ್ಟಿಗೆಯ ಎಮ್ಮೆ ಮೇವು ಮೆಲ್ಲುವುದನ್ನು ಬಿಟ್ಟು ಅವಳ ಕಡೆ ನೋಡುತ್ತಿತ್ತು. ಕೊನೆಗೆ ಸದ್ದು ಪೂರ್ತಿ ಇಳಿಯಿತು. ಚಿಕ್ಕೇರೂರು ಬಂತು ಎಂದು ಹೇಳಿ ಒಂದು ಕಾಲನ್ನು ನೆಲಕ್ಕೆ ಊರಿದಳು.

ಹಾನಗಲ್ಲಿಗೆ ತಿರುಗಿ ಹೋಗುವ ಬಸ್ಸಿನಲ್ಲಿ ಅದನ್ನೇ ಕೇಳುತ್ತ ಕೂತೆ. ಕಿಟಕಿಯ ಹೊರಗೊಂದು ರಸ್ತೆ, ಕಿವಿಯೊಳಗೊಂದು ರಸ್ತೆ. ಜೋಳದ ಹೊಲಗಳ ಮೇಲೆ ಸಂಜೆಯ ಬಿಸಿಲು ಹಾಸಿತ್ತು. ಅರೆನಿದ್ದೆ ಹತ್ತಿತ್ತು. ಮೊಪೆಡ್ ಎಡಕ್ಕೆ ಬಾಗಿದಾಗ ಬಸ್ಸೂ ಎಡಕ್ಕೆ ಬಾಗಿದ ಹಾಗಾಯಿತು, ನಿಜವಾಗಿ ಬಾಗಿತೋ ಇಲ್ಲವೋ. ಹಾನಗಲ್ಲಿನಲ್ಲಿ ಕಂಡಕ್ಟರ್ ಎಬ್ಬಿಸಿದಾಗ ನನಗೆ ಚಿಕ್ಕೇರೂರಿನಲ್ಲಿ ಇಳಿಯಬೇಕಾಗಿತ್ತು ಅನಿಸಿತು.

ಮರುದಿನ ಸವಣೂರಿಗೆ ಹೋದೆ. ಆ ರೆಕಾರ್ಡಿನಲ್ಲಿದ್ದ ಸಮನಾದ ಚೂರುಗಳಿಂದಲೇ ಅಳಿಲಿನ ಗಾಡಿಯ ಸದ್ದು ಕಟ್ಟಿದ್ದೆ. ಯಂತ್ರಕ್ಕೆ ಹಾಕುತ್ತಲೇ ಪ್ರೋಗ್ರಾಮರ್ ನಕ್ಕರು, ಇದೇ ಅಳಿಲು ಎಂದರು. ಆಮೇಲೆ ನನ್ನ ತಲೆಯಲ್ಲಿದ್ದದ್ದನ್ನು ಹೇಳಿದೆ. ಆಟದಲ್ಲಿ ನಾಲ್ಕು ದಾರಿಗಳಿರಬೇಕು, ಮೂರು ತಯಾರಾಗಿವೆ. ನಾಲ್ಕನೆಯದನ್ನು ಬರೀ ಕಿವಿಯಿಂದ ಓಡಿಸುವಂತೆ ಮಾಡೋಣ. ಕಣ್ಣಿದ್ದವರೂ ಆಡಲಿ, ಇಲ್ಲದವರೂ ಆಡಲಿ.

ಅವರು ಕುರ್ಚಿ ತಿರುಗಿಸಿ ನನ್ನನ್ನು ನೋಡಿದರು. "ಅಕ್ಕಾರ, ಪರದೆ ಮುಚ್ಚಿ ರೇಸ್ ಆಡೋರು ಯಾರ್ರೀ?"

ನಾನು ಇಯರ್‌ಫೋನ್ ಅವರ ಕೈಗೆ ಕೊಟ್ಟು ಚಿಗವ್ವನ ಪ್ರಯಾಣ ಕೇಳಿಸಿದೆ. ಕೆಳಗಿನಿಂದ ಖಾರಾ ಕರಿಯುವ ಚುಯ್ ಸದ್ದು ಬರುತ್ತಿತ್ತು. ಅವರು ಕಣ್ಣು ಮುಚ್ಚಿ ಕೇಳಿದರು. ಮುಗಿದ ಮೇಲೆ ಕಂಪ್ಯೂಟರಿನಲ್ಲಿ ಹೊಸದೊಂದು ಫೈಲ್ ತೆರೆದರು.

ಇಯರ್‌ಫೋನಿನಲ್ಲಿ ಎಡಬಲ ಬೇರೆ ಬೇರೆ ಕೇಳಿಸಬಹುದು, ಅದೇ ನಮ್ಮ ಆಧಾರ. ಮೊದಲು ಸುಲಭದ ದಾರಿ ಹಿಡಿದೆವು: ತಿರುವು ಎಡಕ್ಕಿದ್ದರೆ ಎಡಗಿವಿಯಲ್ಲಿ ಬೀಪ್ ಬೀಪ್, ಬಲಕ್ಕಿದ್ದರೆ ಬಲಗಿವಿಯಲ್ಲಿ. ಇಬ್ಬರೂ ಹಂಸಭಾವಿಗೆ ಹೋಗಿ ಚಿಗವ್ವನ ಕೈಗೆ ಯಂತ್ರ ಕೊಟ್ಟೆವು. ಗುಂಡಿಗಳನ್ನು ಬೆರಳಿನಿಂದ ಓದಿಕೊಂಡು ಒಂದಿಷ್ಟು ಹೊತ್ತು ಓಡಿಸಿದಳು. ದಾರಿ ತಪ್ಪಲಿಲ್ಲ. ಆದರೂ ಇಯರ್‌ಫೋನ್ ಕಿತ್ತು ತೊಡೆಯ ಮೇಲಿಟ್ಟಳು. ಇದು ರಸ್ತೆಯಲ್ಲ, ದೊಡ್ಡ ದವಾಖಾನೆಯ ಐಸಿಯು, ಯಾರದೋ ಜೀವ ಹೋಗಾಕತ್ತೈತಿ ಅನಸ್ತೈತಿ ಎಂದಳು. ನರ್ಸಬಾಯಿಯ ಮಾತು.

ಬೀಪ್ ಬಿಟ್ಟೆವು. ಅವಳು ಕೊಟ್ಟಿಗೆಯಲ್ಲಿ ಹೆಸರಿಸಿದ್ದ ಜಾಗಗಳನ್ನೇ ತಿರುವಿಗೊಂದರಂತೆ ಕೂರಿಸುವುದೆಂದು ತೀರ್ಮಾನಿಸಿದೆವು. ಗಿರಣಿಯ ಸದ್ದು ಎಡಕ್ಕೆ ಕೇಳಿಸಿದರೆ ಗಾಡಿಯನ್ನು ಅದರ ಕಡೆ ತಿರುಗಿಸಬೇಕು. ಸದ್ದು ತಲೆಯ ನಡುವೆ ಬಂದು ನಿಂತರೆ ದಾರಿ ನೆಟ್ಟಗಿದೆ. ಅಂಚಿಗೆ ಹೋದರೆ ಆ ಬದಿಯ ಕಿವಿಯಲ್ಲಿ ಗರಸಿನ ಸಣ್ಣ ಕಲ್ಲುಗಳು ಕರಕರ ಎನ್ನಬೇಕು. ಸೇತುವೆಯ ಮೇಲೆ ಸದ್ದೆಲ್ಲ ಟೊಳ್ಳಾಗಬೇಕು.

ಪ್ರೋಗ್ರಾಮರ್ ಅವರ ಗಾಡಿಯ ಹಿಂದೆ ಮೈಕ್ ಹಿಡಿದು ಕೂತು ಆ ರಸ್ತೆಯುದ್ದಕ್ಕೂ ಹೋದೆ. ಸೇತುವೆ ಅಗಲವಾಗಿತ್ತು, ಹೊಸ ಕಾಂಕ್ರೀಟು. ಗಾಡಿ ಮೇಲೆ ಹೋದರೆ ಸದ್ದೇ ಬದಲಾಗುವುದಿಲ್ಲ. ಗಿರಣಿಯ ಬಾಗಿಲಿಗೆ ಬೀಗ, ಬೀಗದ ಮೇಲೆ ತುಕ್ಕು. ಕುಲುಮೆ ಇದ್ದ ಜಾಗದಲ್ಲಿ ಮೊಬೈಲ್ ರಿಪೇರಿ ಅಂಗಡಿ. ರೆಕಾರ್ಡ್ ಮಾಡಲು ಉಳಿದಿದ್ದದ್ದು ಗಾಳಿ ಮತ್ತು ಬೈಕುಗಳ ಹಾರ್ನ್. ನಾವು ಸೇತುವೆಯ ಕಟ್ಟೆಯ ಮೇಲೆ ಕೂತು ಮಂಡಕ್ಕಿ ತಿಂದೆವು. ಇರುವ ರಸ್ತೆ ಮಾಡುವುದೋ, ಅವಳು ಹೇಳಿದ ರಸ್ತೆಯೋ ಎಂದು ಅವರು ಕೇಳಿದರು. ಅವಳು ಹೇಳಿದ್ದೇ ಎಂದೆ.

ಹಾಗಾಗಿ ಆ ದಾರಿಯನ್ನು ಬೇರೆ ಬೇರೆ ಊರುಗಳಿಂದ ತಂದು ಜೋಡಿಸಬೇಕಾಯಿತು. ಗಿರಣಿ ಸಿಕ್ಕಿದ್ದು ಹಿರೇಕೆರೂರಿನಲ್ಲಿ. ಪಟ್ಟಿ ಬಿಗಿದು ಡುಗುಡುಗು ಎನ್ನುವ ಹಳೇ ಯಂತ್ರ, ಮಾಲೀಕರು ನನಗಾಗಿ ಜೋಳದ ಹಿಟ್ಟನ್ನು ಮತ್ತೊಮ್ಮೆ ಬೀಸಿದರು. ಕುಲುಮೆ ಶಿಗ್ಗಾವಿಯ ಒಂದು ಓಣಿಯಲ್ಲಿ. ಗಿಳಿಗಳು ಹಾನಗಲ್ಲಿನ ಆನೆಕೆರೆಯ ದಂಡೆಯ ಮರಗಳಲ್ಲಿ; ಕೆರೆಯ ಮೇಲೆ ಮಂಜು ಕೂತಿದ್ದ ಬೆಳಗಿನಲ್ಲಿ ಅವು ಎದ್ದು ಹಾರುವ ತನಕ ಉಸಿರು ಬಿಗಿಹಿಡಿದು ನಿಂತಿದ್ದೆ. ಸವಣೂರಿನ ಎಲೆಬಳ್ಳಿ ತೋಟದಲ್ಲಿ ಕಾಲುವೆಯ ನೀರು ಬಳ್ಳಿಗಳ ನಡುವೆ ಹರಿಯುವ ಸದ್ದು ತುಂಬಾ ಹಿಡಿಸಿತು. ಚಿಗವ್ವ ಅದನ್ನು ಹೇಳಿರಲಿಲ್ಲ. ಒಂದು ಉದ್ದನೆಯ ನೆಟ್ಟ ದಾರಿಗೆ ಅದನ್ನೇ ಹಾಸಿದೆ. ಮಗ್ಗಿಗೆ ಪ್ರೋಗ್ರಾಮರ್ ಅವರ ಅಣ್ಣನ ಮಕ್ಕಳು ದನಿ ಕೊಟ್ಟರು. ನಡುವೆ ತಪ್ಪಿದ್ದನ್ನು ತೆಗೆಯಲಿಲ್ಲ.

ಇಷ್ಟೆಲ್ಲಕ್ಕೂ ಯಂತ್ರದ ಮೆಮೊರಿಯಲ್ಲಿ ನಮಗಿದ್ದ ಜಾಗ ಮೊಬೈಲಿನ ಒಂದು ಫೋಟೋ ತಿನ್ನುವಷ್ಟೂ ಇರಲಿಲ್ಲ. ಗಿರಣಿಯ ತಳ ಕತ್ತರಿಸಿದೆ, ಗಿಳಿಗಳ ಹಿಂಡನ್ನು ಅದೇ ಕೆಲವು ಕೂಗುಗಳನ್ನು ಹಿಂದೆ ಮುಂದೆ ಮಾಡಿ ಕಟ್ಟಿದೆ. ನೀರನ್ನಂತೂ ಒಂದು ಬೊಗಸೆಯಷ್ಟೇ ಇಟ್ಟುಕೊಂಡು ತಿರುಗಿಸಿ ತಿರುಗಿಸಿ ಹರಿಸಿದೆ.

ತಯಾರಾದದ್ದನ್ನು ಒಯ್ದು ಚಿಗವ್ವನಿಗೆ ಕೊಟ್ಟಾಗ ನಾವಿಬ್ಬರೂ ಮದುವೆಗೆ ಬಂದ ಬೀಗರ ಹಾಗೆ ಕಟ್ಟೆಯ ತುದಿಯಲ್ಲಿ ಕೂತಿದ್ದೆವು. ಗಿರಣಿ ಕೇಳಿದ ಕೂಡಲೇ ಅವಳ ಮುಖ ಅರಳಿತು. ಎಡಕ್ಕೆ ತಿರುಗಿಸಿದಳು, ಬೇಲಿಗೆ ಗುದ್ದಿದಳು. ಮತ್ತೆ ಶುರು ಮಾಡಿದಳು. ಗಿರಣಿ ದಾಟಿದಳು, ಕುಲುಮೆಯ ಹತ್ತಿರ ಗುದ್ದಿದಳು. ಮತ್ತೆ, ಮತ್ತೆ. ಪ್ರತಿ ಸಲವೂ ತಿರುವು ಕಳೆದ ಮೇಲೆ ತಿರುಗಿಸುತ್ತಿದ್ದಳು. ಸೊಸೆ ಚಹಾ ತಂದಿಟ್ಟಳು, ಅದು ಆರಿತು. ಕೊನೆಗೆ ಚಿಗವ್ವ ಯಂತ್ರವನ್ನು ನನ್ನ ಮಡಿಲಿಗೆ ಹಾಕಿದಳು.

"ಕಣ್ಣಷ್ಟ ಹೋದ್ವು ಅಂತ ತಿಳಕೊಂಡಿದ್ದೆ. ಕೈನೂ ಹೋಗ್ಯಾವ," ಎಂದಳು. "ಇದನ್ನ ಇನ್ನೊಮ್ಮೆ ಇಲ್ಲಿ ತರಬ್ಯಾಡ."

ಎದ್ದು ಒಳಗೆ ಹೋದಳು. ಹೋಗುವಾಗ ಬಾಗಿಲ ಚೌಕಟ್ಟಿಗೆ ಭುಜ ತಗುಲಿತು. ಆ ಮನೆಯಲ್ಲಿ ಅವಳು ಯಾವುದಕ್ಕಾದರೂ ತಗುಲಿದ್ದನ್ನು ನಾನು ನೋಡಿರಲಿಲ್ಲ.

ತಿರುಗಿ ಬರುವಾಗ, ಅವಳಿಗೆ ಖುಷಿ ಕೊಡುತ್ತೇನೆಂದು ಹೋಗಿ, ಅವಳಲ್ಲಿ ಉಳಿದಿದ್ದ ಧೈರ್ಯವನ್ನೇ ಕಸಿದುಕೊಂಡು ಬಂದೆ ಅನಿಸಿತು. ಆ ವಾರ ಸದ್ದಿನ ಫೈಲುಗಳನ್ನು ತೆರೆಯಲೇ ಇಲ್ಲ. ಪ್ರೋಗ್ರಾಮರ್ ಮಾತ್ರ ಬಿಟ್ಟಿರಲಿಲ್ಲ. ಒಂದು ಮಧ್ಯಾಹ್ನ ಅವರ ಫೋನ್ ಬಂತು. ಪರದೆಗೆ ಬಟ್ಟೆ ಮುಚ್ಚಿ ತಾವೇ ಆಡಿ ನೋಡಿದ್ದರು, ತಾವೂ ಎಲ್ಲ ತಿರುವಿನಲ್ಲಿ ಗುದ್ದಿದ್ದರು. ಕೈಯದಲ್ಲ, ಯಂತ್ರದ ತಪ್ಪು ಎಂದರು.

ಆ ಅಗ್ಗದ ಯಂತ್ರ ಸದ್ದನ್ನು ಕೂಡಲೇ ಹೊರಗೆ ಬಿಡುವುದಿಲ್ಲ. ಕೊಡದಲ್ಲಿ ತುಂಬಿಸಿಕೊಂಡು ಆಮೇಲೆ ಸುರಿಯುವಂತೆ, ಒಂದಿಷ್ಟು ಕೂಡಿಸಿಟ್ಟುಕೊಂಡು ಕೇಳಿಸುತ್ತದೆ. ಕಣ್ಣಿನಿಂದ ಆಡುವವರಿಗೆ ಈ ತಡ ಗೊತ್ತೇ ಆಗುವುದಿಲ್ಲ. ಕಿವಿಯನ್ನೇ ನಂಬಿ ಓಡಿಸುವವರಿಗೆ ಆಗಲೇ ಬೇಲಿ ಬಂದಿರುತ್ತದೆ. ಬೀಪನ್ನು ತಿರುವಿಗೆ ಬಹಳ ಮುಂಚೆಯೇ ಕೊಡುತ್ತಿದ್ದೆವು, ಅದಕ್ಕೇ ಆಗ ಈ ತಡ ಬಯಲಾಗಿರಲಿಲ್ಲ. ಕೊಡ ಸಣ್ಣದು ಮಾಡಿ ನೋಡಿದೆವು. ಸದ್ದು ಹರಿದು ಚಿಂದಿಯಾಯಿತು. ದೊಡ್ಡದು ಮಾಡಿದರೆ ತಡ ಹೆಚ್ಚಿತು. ಹಲವು ದಿನ ಇದರಲ್ಲೇ ಕಳೆದವು. ಒಮ್ಮೆ ಅವರ ಅಂಗಡಿಯ ಮೆಟ್ಟಿಲ ಮೇಲೆ ಕೂತಿದ್ದಾಗ, ಎದುರಿಗೆ ರಸ್ತೆ ದಾಟುತ್ತಿದ್ದ ಅಜ್ಜಿಯೊಬ್ಬಳಿಗೆ ದಾರಿ ಬಿಡಲು ಆಟೊ ದೂರದಿಂದಲೇ ವಾಲಿತು. ಅಜ್ಜಿ ಈಗ ಇರುವ ಜಾಗ ಬಿಟ್ಟು, ಮುಂದಿನ ಗಳಿಗೆಗೆ ಬರುವ ಜಾಗ ನೋಡಿ ಅದು ವಾಲಿತ್ತು. ಪ್ರೋಗ್ರಾಮರ್ ಅದನ್ನು ನೋಡುತ್ತ ಇದ್ದವರು ನಿಧಾನಕ್ಕೆ ಹೇಳಿದರು.

"ಗಾಡಿ ಈಗ ಇರೋ ಜಾಗಕ್ಕ ಸದ್ದು ಹಾಕೋದು ಬ್ಯಾಡ್ರಿ ಅಕ್ಕಾರ. ಇನ್ನೊಂದು ಗಳಿಗಿಗೆ ಎಲ್ಲಿರತೈತಿ, ಅಲ್ಲಿದು ಹಾಕೋಣ. ಸದ್ದು ಕಿವಿಗೆ ಮುಟ್ಟೋದ್ರಾಗ ಗಾಡಿ ಅಲ್ಲಿಗೆ ಬಂದಿರತೈತಿ."

ಹಾಗೇ ಮಾಡಿದರು. ಬಟ್ಟೆ ಮುಚ್ಚಿ ಓಡಿಸಿದೆ. ಗಿರಣಿ ಎಡಕ್ಕೆ ಬಂತು, ತಿರುಗಿಸಿದೆ, ಮೆಲ್ಲಗೆ ಜಾರಿ ತಲೆಯ ನಡುವೆ ಬಂದು ನಿಂತಿತು. ನೀರು ಹರಿಯುವ ನೆಟ್ಟ ದಾರಿಯಲ್ಲಿ ನನ್ನ ಹೆಬ್ಬೆರಳು ತಾನಾಗಿ ಸಡಿಲವಾಯಿತು.

ಅಷ್ಟರಲ್ಲಿ ಇನ್ನೊಂದು ಕಡೆಯಿಂದ ಕುತ್ತು ಬಂತು. ಅಳಿಲಿನ ಒಡೆತನದ ಕಂಪನಿಯ ಪರವಾಗಿ ಆಟ ನೋಡಿ ಒಪ್ಪಿಗೆ ಕೊಡುವ ಮಹಿಳೆಯೊಬ್ಬರು ಮುಂಬೈಯಲ್ಲಿದ್ದರು. ಕಾರ್ಟೂನಿನ ಶೀರ್ಷಿಕೆ ಗೀತೆ ಆಟದುದ್ದಕ್ಕೂ ಮೊಳಗಬೇಕೆಂಬುದು ಅವರ ಷರತ್ತು. ಆ ಹಾಡಿನಲ್ಲಿ ತಾಳ, ತುತ್ತೂರಿ, ಮಕ್ಕಳ ಕೇಕೆ ಎಲ್ಲ ಇವೆ. ಅದು ಶುರುವಾದರೆ ಗಿಳಿಯೂ ಕೇಳದು, ಕುಲುಮೆಯೂ ಕೇಳದು. ಮೊದಲ ಮೂರು ದಾರಿಗಳಲ್ಲಿ ತೊಂದರೆಯಿರಲಿಲ್ಲ. ನಾಲ್ಕನೆಯದರಲ್ಲಿ ಹಾಡು ಬಂದರೆ ದಾರಿಯೇ ಅಳಿಸಿಹೋಗುತ್ತಿತ್ತು. ಮುಖ್ಯಸ್ಥರು ಸಿಟ್ಟಾಗಲಿಲ್ಲ, ಬೇಸರದಿಂದ ಹೇಳಿದರು: ಹಾಡು ಹಾಕಿ, ಇಲ್ಲವೇ ನಾಲ್ಕನೆಯದನ್ನು ಬಿಟ್ಟುಬಿಡಿ. ಕಾರ್ಖಾನೆಗೆ ಕಳಿಸುವ ದಿನ ಹತ್ತಿರ ಬಂದಿದೆ.

ನಾನು ಮುಖ್ಯಸ್ಥರ ಒಪ್ಪಿಗೆ ಪಡೆದು ಮುಂಬೈಯವರಿಗೆ ಯಂತ್ರವನ್ನೇ ಕೊರಿಯರ್ ಮಾಡಿದೆ, ಹಾಡಿಲ್ಲದ ನಾಲ್ಕನೇ ದಾರಿಯ ಜೊತೆಗೆ. ಇಯರ್‌ಫೋನ್ ಹಾಕಿ ಕಣ್ಣು ಮುಚ್ಚಿ ಆಡಿರಿ ಎಂದಷ್ಟೇ ಚೀಟಿ ಇಟ್ಟಿದ್ದೆ. ಕೆಲವು ದಿನಗಳ ಮೇಲೆ ಅವರೇ ಫೋನ್ ಮಾಡಿದರು. ಲೋಕಲ್ ರೈಲಿನಲ್ಲಿ ಆಡುತ್ತ ಇಳಿಯುವ ಸ್ಟೇಷನ್ ತಪ್ಪಿಸಿಕೊಂಡರಂತೆ. ಚೆಂದ ಇದೆ ಎಂದರು. ಆದರೆ ಇದರಲ್ಲಿ ಅಳಿಲು ಎಲ್ಲಿದೆ ಎಂದು ಕೇಳಿದರು. ಮಕ್ಕಳು ದುಡ್ಡು ಕೊಡುವುದು ಅಳಿಲಿಗಾಗಿ. ಇಲ್ಲಿ ಅಳಿಲಿನ ಹಾಡಿಲ್ಲ, ಮಾತಿಲ್ಲ, ಪರದೆಯ ಮೇಲೆ ರಸ್ತೆಯ ಗೆರೆಗಳನ್ನು ಬಿಟ್ಟರೆ ನೋಡಲು ಏನೂ ಇಲ್ಲ.

ಅವರ ಪ್ರಶ್ನೆ ನ್ಯಾಯವಾದದ್ದೇ. ಕಾರ್ಟೂನನ್ನು ಕೆಲಸಕ್ಕಾಗಿ ಪೂರ್ತಿ ನೋಡಿದ್ದೆ. ಆ ಅಳಿಲಿಗೆ ಹೊತ್ತಲ್ಲದ ಹೊತ್ತಿನಲ್ಲಿ ನಿದ್ದೆ ಬರುತ್ತದೆ, ಮರದ ಮೇಲೆ, ಪರೀಕ್ಷೆಯಲ್ಲಿ, ಕಳ್ಳರನ್ನು ಹಿಡಿಯುವಾಗ. ಮಕ್ಕಳು ಹೆಚ್ಚು ನಗುವುದು ಅಲ್ಲೇ.

"ಅಳಿಲು ಮಲಗಿದೆ," ಎಂದೆ. "ಇದು ಅದರ ಕನಸು."

ಅವರು ತಾವೇ ಯೋಚಿಸುತ್ತ ಹೇಳಿದರು: ಹಾಗಾದರೆ ಗುರಿ ಮುಟ್ಟಿದಾಗ ಅಳಿಲು ಏಳಲಿ, ಹಾಡು ಅಲ್ಲಿಂದ ಬರಲಿ. ನಿದ್ದೆಯಲ್ಲಿ ಹಾಡು ಯಾಕೆ?

ಆಮೇಲಿನ ಕೆಲಸ ಕನಸಿನಲ್ಲಿ ನಡೆದ ಹಾಗೆ ನಡೆಯಿತು. ಚಿತ್ರ ಬಿಡಿಸುವವರು ಪರದೆಯ ತುಂಬ ಬೆಳ್ಳನೆಯ ಮಂಜು ತುಂಬಿ, ಗಾಡಿಯ ನೆರಳನ್ನಷ್ಟೇ ಅದರೊಳಗೆ ಉಳಿಸಿದರು. ಚಿತ್ರ ಕಡಿಮೆಯಾದದ್ದರಿಂದ ಸದ್ದಿಗೆ ತುಸು ಹೆಚ್ಚಿಗೆ ಜಾಗ ಸಿಕ್ಕಿತು. ನೀರನ್ನು ಇನ್ನೊಂದು ಬೊಗಸೆ ಉದ್ದ ಮಾಡಿದೆ. ಅಳಿಲಿನ ಗೊರಕೆ ಬೇಕಿತ್ತು. ಪ್ರೋಗ್ರಾಮರ್ ತಮ್ಮ ಅಬ್ಬಾ, ಅಂದರೆ ಅವರ ತಂದೆ, ಊಟ ಮಾಡಿ ಮಲಗಿದ್ದಾಗ, ಮೊದಲೇ ಅವರಿಗೆ ಹೇಳಿ, ತಲೆದಿಂಬಿನ ಹತ್ತಿರ ಮೈಕ್ ಇಟ್ಟರು. ಆ ಹಿರಿಯರ ಗಂಭೀರ ಗೊರಕೆಯನ್ನು ಮೂರು ಪಟ್ಟು ತೆಳ್ಳಗೆ ಮಾಡಿದಾಗ ಸಾಕ್ಷಾತ್ ಅಳಿಲೇ ಉಸಿರಾಡಿತು. ಕೇಳಿಸಿದಾಗ ಅಬ್ಬಾ ಕಣ್ಣಲ್ಲಿ ನೀರು ಬರುವಂತೆ ನಕ್ಕು, ಇದನ್ನ ಅಂಗಡಿಗೆ ಬರೋರಿಗೆ ಹೇಳಬ್ಯಾಡ್ರಿ ಎಂದರು.

ಯಂತ್ರ ಕಾರ್ಖಾನೆಯಿಂದ ಬಣ್ಣದ ಪೆಟ್ಟಿಗೆಯಲ್ಲಿ ಬಂದಾಗ, ಒಂದನ್ನು ಹಿಡಿದು ಇಬ್ಬರೂ ಹಂಸಭಾವಿಗೆ ಹೋದೆವು. ತರಬೇಡ ಎಂದಿದ್ದಳು, ಹೇಗೆ ಕೊಡುವುದು ತಿಳಿಯಲಿಲ್ಲ. ಕೂತವಳ ಮುಂದೆ ನೆಲದ ಮೇಲೆ ಕೂತು ನಡೆದದ್ದನ್ನು ಹೇಳಿದೆ. ಸದ್ದು ತಡವಾಗಿ ಬರುತ್ತಿತ್ತು, ನಾವು ಅದನ್ನು ತಿಳಿಯದೆ ನಿನ್ನ ಕೈಗೆ ಕೊಟ್ಟಿದ್ದೆವು ಎಂದೆ. ಪ್ರೋಗ್ರಾಮರ್ ತಾವೂ ಎಲ್ಲ ಬೇಲಿಗೂ ಗುದ್ದಿದ್ದನ್ನು ಹೇಳಿದರು. ಚಿಗವ್ವ ಎರಡೂ ಅಂಗೈಗಳನ್ನು ಒಂದಕ್ಕೊಂದು ತಿಕ್ಕುತ್ತ ಕೇಳಿದಳು.

"ಹಂಗಾರ ಕೈ ಅದಾವ," ಎಂದಳು. ಅಷ್ಟೇ. ಕೈ ಚಾಚಿದಳು.

ಮೊದಲ ಸಲ ನಿಧಾನಕ್ಕೆ ಹೋದಳು. ಗೊರಕೆ ಕೇಳಿ, ಇದ್ಯಾರು ಹಿಂದ ಕುಂತಾರ ಎಂದು ಕೇಳಿ ನಕ್ಕಳು. ಗಿರಣಿಯ ಹತ್ತಿರ ಬಂದಾಗ, ಇದು ಮುಚ್ಚಿ ಬಾಳ ವರ್ಷ ಆತಲ್ಲ, ಇರಲಿ ಬಿಡು, ಓಡತಿರಲಿ ಎಂದಳು. ನಾವು ಮುಖ ಮುಖ ನೋಡಿಕೊಂಡೆವು. ಎಲೆತೋಟದ ನೀರು ಬಂದಾಗ ಹುಬ್ಬು ಗಂಟಿಕ್ಕಿ, ಇದು ಈ ರಸ್ತೇದಲ್ಲ ಎಂದಳು. ಆದರೆ ಆ ನೆಟ್ಟ ದಾರಿಯಲ್ಲಿ ಬೇಕೆಂದೇ ಗಾಡಿ ನಿಲ್ಲಿಸಿ ಒಂದಿಷ್ಟು ಹೊತ್ತು ಕೂತಳು. ಉಳಿದ ಗಾಡಿಗಳೆಲ್ಲ ದಾಟಿ ಹೋದವು. ಕೊನೆಯವಳಾಗಿ ಗುರಿ ಮುಟ್ಟಿದಳು. ಅಳಿಲು ಎದ್ದು ಹಾಡು ಶುರುವಾದ ಕೂಡಲೇ ಇಯರ್‌ಫೋನ್ ಕಿತ್ತು, ಯಾರ ಮದವಿ ಇದು ಎಂದಳು. ಎರಡನೆಯ ಸಲ ಎಲ್ಲಿಯೂ ನಿಲ್ಲಲಿಲ್ಲ. ಎಷ್ಟನೇ ನಂಬರ್ ಬಂತೆಂದು ಸೊಸೆಯನ್ನು ಕೇಳಿದಳು. ಸೊಸೆ ಮೊದಲನೇದು ಎಂದಾಗ ನಂಬದೆ, ಸುಳ್ಳು ಹೇಳಬ್ಯಾಡ ಎಂದು ಅವಳನ್ನು ಗದರಿ ನನ್ನನ್ನು ಕೇಳಿದಳು. ನಿಜವಾಗಿಯೂ ಮೊದಲನೆಯದೇ.

ನಾವು ತಪಾಸಣೆಗೆಂದು ಮಾಡಿಕೊಂಡಿದ್ದ ಒಂದು ಬಗೆಯ ಓಟ ಆಟದಲ್ಲಿ ಹಾಗೇ ಉಳಿದಿತ್ತು: ಎದುರಾಳಿಗಳಿಲ್ಲ, ಗುರಿಯಿಲ್ಲ, ಸುಮ್ಮನೆ ತಿರುಗಾಟ. ಅದನ್ನು ಹಾಕಿ ಕೊಟ್ಟೆ. ಚಿಕ್ಕೇರೂರಿನ ತುದಿಯ ತನಕ ಹೋಗಿ ನಿಂತಳು. ಮುಗಿಯಿತೆಂದು ನಾನು ಕೈ ಚಾಚಿದೆ. ಅವಳು ಕೊಡಲಿಲ್ಲ, ಎಡಗುಂಡಿ ಒತ್ತಿ ಹಿಡಿದಳು. ಪರದೆಯ ಮಂಜಿನಲ್ಲಿ ಗಾಡಿಯ ನೆರಳು ಮೆಲ್ಲಗೆ ತಿರುಗತೊಡಗಿತು.

ಪ್ರೋಗ್ರಾಮರ್ ಮುಂದೆ ಬಾಗಿದರು. ಆ ದಾರಿಯನ್ನು ಹಿಂದುಮುಂದಾಗಿ ನಾವು ಒಮ್ಮೆಯೂ ಓಡಿಸಿ ನೋಡಿರಲಿಲ್ಲ. "ಅವ್ವಾರ, ಅದು ಆ ಕಡೆಯಿಂದ ಈ ಕಡೆ ಬರೂದಕ್ಕ ಮಾಡಿಲ್ರಿ," ಎಂದರು.

"ಲಸಿಕಿ ಹಾಕಿ ಮುಗೀತಪ್ಪ," ಎಂದಳು ಚಿಗವ್ವ. "ತಿರುಗಿ ಬರಬೇಕಲ್ಲ."

ನಾನು ಒಂದು ಇಯರ್‌ಫೋನನ್ನು ಅವಳ ಕಿವಿಯಿಂದ ತೆಗೆದು ಕೇಳಬಹುದಿತ್ತು, ಮುಟ್ಟಲಿಲ್ಲ. ಪರದೆಯಲ್ಲಿ ಮಂಜು ಬಿಟ್ಟರೆ ಏನೂ ಕಾಣುತ್ತಿರಲಿಲ್ಲ. ಅವಳ ತುಟಿಗಳನ್ನು ನೋಡುತ್ತ ಕೂತೆವು. ಸಾಲಿ, ಎಂದಳು. ಸ್ವಲ್ಪ ಹೊತ್ತಿಗೆ, ಗಿಳಿ. ಮೈ ತುಸು ಬಾಗಿತು. ಕುಲುಮಿ ಈಗ ಎಡಕ್ಕ ಬಂತು, ಎಂದಳು, ಹೌದಲ್ಲ, ಹೊಳ್ಳಿ ಬರುವಾಗ ಎಡಕ್ಕ. ಪ್ರೋಗ್ರಾಮರ್ ಉಸಿರು ಬಿಟ್ಟದ್ದು ನನಗೆ ಕೇಳಿಸಿತು. ಗಿರಣಿ ದಾಟಿತು. ಸೇತುವೆಯ ಮೇಲೆ ಅವಳ ಹೆಬ್ಬೆರಳು ಸಡಿಲವಾಗಿ, ದಾಟಿದ ಮೇಲೆ ಮತ್ತೆ ಬಿಗಿಯಾಯಿತು.

ಆಮೇಲೆ ಗುಂಡಿಯಿಂದ ಬೆರಳು ತೆಗೆದಳು. ಇಯರ್‌ಫೋನ್ ಬಿಚ್ಚಿ, ವಯರನ್ನು ಯಂತ್ರಕ್ಕೆ ಸುತ್ತಿ ಪಕ್ಕದಲ್ಲಿಟ್ಟು, ಸೊಸೆ ಇದ್ದ ಕಡೆ ಮುಖ ತಿರುಗಿಸಿದಳು.

"ಮನಿ ಮುಟ್ಟಿದ್ನಿ," ಎಂದಳು. "ಚಾ ಇಡವಾ."